ಖಾಯಮಾತಿಯ ಬಾಗಿಲು, ವೇತನದ ಬಾಗಿಲು

(ಹೊಸಪೇಟೆಯಲ್ಲಿ ಸೇರಿದ್ದ ಅತಿಥಿ ಹಾಗೂ ಗುತ್ತಿಗೆ ಉಪನ್ಯಾಸಕರ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಹಂಪಿಯ ಕನ್ನಡ ವಿಶ್ವವಿದ್ಯಾಲಯದಿಂದ, ಸಂಡೂರು ತಾಲೂಕಿನ ನಂದಿಹಳ್ಳಿ ಸ್ನಾತಕೋತ್ತರ ಕೇಂದ್ರದಿಂದ, ಕಂಪ್ಲಿಯ ಪ್ರಥಮ ದರ್ಜೆ ಕಾಲೇಜಿನಿಂದ ಮತ್ತು ಈ ಊರಿನ ಕಾಲೇಜುಗಳಿಂದ ತಾವಿಲ್ಲಿ ಬಂದು ಸೇರಿದ್ದೀರಿ. 2021ರಲ್ಲಿ ವಿಜಯನಗರ ಜಿಲ್ಲೆ ರಚನೆಯಾದಾಗ ಹೊಸಪೇಟೆ ಮತ್ತು ಹಂಪಿ ಹೊಸ ಜಿಲ್ಲೆಗೆ ಸೇರಿದವು, ಸಂಡೂರು ಮತ್ತು ಕಂಪ್ಲಿ ಬಳ್ಳಾರಿಯಲ್ಲೇ ಉಳಿದವು. ಜಿಲ್ಲೆ ಎರಡಾದರೂ ನಿಮ್ಮ ಸಮಸ್ಯೆ ಎರಡಾಗಲಿಲ್ಲ. ನಾವು ವಕೀಲರಲ್ಲ. ನಿಮ್ಮ ಪ್ರಶ್ನೆಯ ಮೇಲೆ ನ್ಯಾಯಾಲಯಗಳು ಕಳೆದ ನಾಲ್ಕು ದಶಕಗಳಲ್ಲಿ ಏನು ಹೇಳಿವೆ ಎಂಬುದನ್ನು ಆಸಕ್ತಿಯಿಂದ ಓದಿದವರು, ಅಷ್ಟೇ. ಆ ಓದಿನಿಂದ ನಮಗೆ ತೋಚಿದ ಒಂದು ವಿಚಾರವನ್ನು ನಿಮ್ಮ ಮುಂದಿಡುವುದಕ್ಕಾಗಿ ಇಲ್ಲಿ ನಿಂತಿದ್ದೇವೆ. ಅದರಲ್ಲಿ ಕೆಲವು ಮಾತು ನಿಮಗೆ ಹಿತವಾಗಲಿಕ್ಕಿಲ್ಲ.

ತಿಥಿ, ವಾರ ನೋಡದೆ ಬರುವವನೇ ಅತಿಥಿ ಎಂದು ನಮ್ಮ ಹಿರಿಯರು ಹೇಳುತ್ತಿದ್ದರು. ಆದರೆ ಅತಿಥಿ ಉಪನ್ಯಾಸಕರ ಬದುಕಿನಲ್ಲಿ ತಿಥಿಯನ್ನು ಬಿಟ್ಟರೆ ಬೇರೇನೂ ಇಲ್ಲ. ಸೇರುವ ದಿನಾಂಕ ಒಂದು, ಬಿಡುಗಡೆಯ ದಿನಾಂಕ ಇನ್ನೊಂದು, ಮುಂದಿನ ವರ್ಷ ಅರ್ಜಿ ಹಾಕುವ ಕೊನೆಯ ದಿನಾಂಕ ಮತ್ತೊಂದು. ಹದಿನೈದು ವರ್ಷ ಅದೇ ಕೊಠಡಿಯಲ್ಲಿ ಅದೇ ಪತ್ರಿಕೆಯನ್ನು ಬೋಧಿಸಿದವರೂ ಪ್ರತಿವರ್ಷ ಹೊಸಬರಂತೆ ಪ್ರಮಾಣಪತ್ರಗಳ ಕಟ್ಟು ಹಿಡಿದು ನಿಲ್ಲಬೇಕು. ಆ ಕಾಲೇಜಿಗೆ ಖಾಯಂ ಉಪನ್ಯಾಸಕರೊಬ್ಬರು ವರ್ಗವಾಗಿ ಬಂದರೆ ಕಾರ್ಯಭಾರ ಇಲ್ಲವೆಂದು ಮರುದಿನವೇ ಹೊರಗೆ ನಡೆಯಬೇಕು. ಅತಿಥಿಯನ್ನು ಹೀಗೆ ನಡೆಸಿಕೊಳ್ಳುವ ಮನೆ ನಮ್ಮ ನಾಡಿನಲ್ಲಿ ಬೇರೆಲ್ಲಿಯೂ ಇರಲಾರದು.

ರಾಜ್ಯದ ಸುಮಾರು 430 ಸರಕಾರಿ ಪ್ರಥಮ ದರ್ಜೆ ಕಾಲೇಜುಗಳು ಬಹುಕಾಲದಿಂದ ನಡೆಯುತ್ತಿರುವುದು ಸಾವಿರಾರು ಅತಿಥಿ ಉಪನ್ಯಾಸಕರ ದುಡಿಮೆಯಿಂದ. 2022ರ ಜನವರಿಯವರೆಗೆ ಯುಜಿಸಿ ಅರ್ಹತೆ ಇದ್ದವರಿಗೆ ತಿಂಗಳಿಗೆ 13 ಸಾವಿರ ರೂಪಾಯಿ, ಇಲ್ಲದವರಿಗೆ 11 ಸಾವಿರ ರೂಪಾಯಿ ಸಿಗುತ್ತಿತ್ತು. ಮುಷ್ಕರದ ಬಳಿಕ ಸರಕಾರ ಅದನ್ನು ಸೇವಾವಧಿ ಮತ್ತು ಅರ್ಹತೆಗೆ ತಕ್ಕಂತೆ 26 ಸಾವಿರದಿಂದ 32 ಸಾವಿರದವರೆಗೆ ಏರಿಸಿತು. ಕೊಟ್ಟ ಕೈಯೇ ಕಸಿದುಕೊಂಡಿತು ಎಂಬುದಕ್ಕೆ ಆ ಆದೇಶವೇ ಸಾಕ್ಷಿ. ಯಾಕೆಂದರೆ ವಾರಕ್ಕೆ ಎಂಟು ಹತ್ತು ಗಂಟೆಗಳಿದ್ದ ಬೋಧನೆಯನ್ನು 15 ಗಂಟೆಗೆ ಏರಿಸಲಾಯಿತು. ಇಬ್ಬರ ಕಾರ್ಯಭಾರ ಒಬ್ಬರ ಹೆಗಲಿಗೆ ಬಿದ್ದು ಇನ್ನೊಬ್ಬರು ಬೀದಿಗೆ ಬಿದ್ದರು. 2023ರ ಕೊನೆಯಲ್ಲಿ ಮತ್ತೆ ತರಗತಿ ಬಹಿಷ್ಕಾರ ನಡೆಯಿತು. 2024ರ ಹೊಸ ವರ್ಷದ ದಿನ ತುಮಕೂರಿನ ಸಿದ್ಧಗಂಗೆಯಿಂದ ಬೆಂಗಳೂರಿನತ್ತ ಪಾದಯಾತ್ರೆ ಹೊರಟಿತು. ಆಗ ಸೇವಾವಧಿಯನ್ನು ನೋಡಿ 5 ಸಾವಿರದಿಂದ 8 ಸಾವಿರ ರೂಪಾಯಿ ಹೆಚ್ಚಳ, 5 ಲಕ್ಷದ ಆರೋಗ್ಯ ವಿಮೆ, 60 ತುಂಬಿ ಹೊರಹೋಗುವಾಗ 5 ಲಕ್ಷದ ಇಡಿಗಂಟು, ತಿಂಗಳಿಗೊಂದು ವೇತನಸಹಿತ ರಜೆ, ಇವನ್ನು ಸರಕಾರ ಒಪ್ಪಿತು. ಸೇವಾ ಖಾಯಮಾತಿಯನ್ನು ಒಪ್ಪಲಿಲ್ಲ. ಕಾನೂನಿನ ತೊಡಕಿದೆ ಎಂದಿತು.

ಆ ತೊಡಕಿನ ಹೆಸರು ಉಮಾದೇವಿ. ಅದರ ಬಗ್ಗೆ ಹೇಳುವುದಕ್ಕಿಂತ ಮುಂಚೆ ಅದರ ಹಿಂದಿನ ಕಥೆಯನ್ನು ಸ್ವಲ್ಪ ತಿಳಿಯಬೇಕು.

ಹರಿಯಾಣದಲ್ಲಿ ಶಾಲಾ ಶಿಕ್ಷಕರನ್ನು ಶೈಕ್ಷಣಿಕ ವರ್ಷದ ಆರಂಭದಲ್ಲಿ ನೇಮಿಸಿ, ಬೇಸಿಗೆ ರಜೆಗಿಂತ ಮುಂಚೆ ತೆಗೆದು, ರಜೆ ಮುಗಿದ ಮೇಲೆ ಪುನಃ ನೇಮಿಸುವ ಪದ್ಧತಿಯಿತ್ತು. ರಜೆಯ ಸಂಬಳವನ್ನು ಉಳಿಸುವ ಜಾಣತನ ಅದು. ಕರ್ನಾಟಕದವರೇ ಆದ ನ್ಯಾಯಮೂರ್ತಿ ಇ. ಎಸ್. ವೆಂಕಟರಾಮಯ್ಯನವರು ಸುಪ್ರೀಮ್ ಕೋರ್ಟಿನಲ್ಲಿ 1985ರಲ್ಲಿ ರತನ್‌ಲಾಲ್ ಪ್ರಕರಣದಲ್ಲಿ ಇದನ್ನು ಸಂವಿಧಾನದ 14 ಮತ್ತು 16ನೇ ವಿಧಿಗಳಿಗೆ ವಿರುದ್ಧವಾದ ಪದ್ಧತಿಯೆಂದು ಖಂಡಿಸಿದರು. ಆಮೇಲೆ ಬಂದದ್ದು ನಮ್ಮದೇ ರಾಜ್ಯದ ಖಾಸಗಿ ಕಾಲೇಜುಗಳ ಸ್ಟಾಪ್‌ಗ್ಯಾಪ್ ಉಪನ್ಯಾಸಕರ ಸಂಘದ ದಾವೆ. ಅನುದಾನಿತ ಕಾಲೇಜುಗಳಲ್ಲಿ ಮೂರು ತಿಂಗಳಿಗೊಮ್ಮೆ ನೇಮಕ, ನಡುವೆ ಒಂದೆರಡು ದಿನಗಳ ವಿರಾಮ, ಪುನಃ ನೇಮಕ. ಸಂಬಳವೋ ಖಾಯಂ ಉಪನ್ಯಾಸಕರ ಕನಿಷ್ಠ ಸಂಬಳಕ್ಕಿಂತ ಹತ್ತು ರೂಪಾಯಿ ಕಡಿಮೆ! ಆ ಹತ್ತು ರೂಪಾಯಿ ಹಣ ಉಳಿಸುವುದಕ್ಕಲ್ಲ, ನೀನು ಬೇರೆ, ಅವರು ಬೇರೆ ಎಂದು ತಿಂಗಳು ತಿಂಗಳು ನೆನಪಿಸುವುದಕ್ಕೆ ಎಂದು ನಮಗನಿಸುತ್ತದೆ. 1992ರಲ್ಲಿ ಸುಪ್ರೀಮ್ ಕೋರ್ಟು ವಿರಾಮದ ದಿನಗಳನ್ನೂ ಸೇರಿಸಿ ಮೂರು ವರ್ಷ ದುಡಿದವರನ್ನು ತೆಗೆಯಕೂಡದು, ಹುದ್ದೆ ತೆರವಾದಂತೆ ಅವರನ್ನು ಸೇರಿಸಿಕೊಳ್ಳಬೇಕು, ರಜೆಯಲ್ಲೂ ಸೇವೆ ಮುಂದುವರಿಯಬೇಕು, ಅಂದಿನಿಂದ ಖಾಯಂ ಹುದ್ದೆಯ ಸಂಬಳವನ್ನೇ ಕೊಡಬೇಕು ಎಂದಿತು. ಅದಕ್ಕಿಂತ ಎರಡು ವರ್ಷ ಮುಂಚೆ, 1990ರಲ್ಲಿ, ಧಾರವಾಡ ಜಿಲ್ಲೆಯ ಲೋಕೋಪಯೋಗಿ ಇಲಾಖೆಯ ದಿನಗೂಲಿ ನೌಕರರ ದಾವೆಯಲ್ಲೂ ನೌಕರರ ಪರವಾದ ತೀರ್ಪೇ ಬಂದಿತ್ತು.

ಇಲ್ಲಿ ಬೋಧಿಸುವ ಹಿರಿಯ ಮಿತ್ರರು ಖಾಯಮಾತಿಯ ಬಗ್ಗೆ ಮಾತನಾಡುವಾಗ ಅವರ ಮನಸ್ಸಿನಲ್ಲಿರುವುದು ಈ 1992ರ ಜಗತ್ತು. ತಾಳ್ಮೆಯಿಂದ ಕಾದರೆ, ಬಿಡದೆ ದುಡಿದರೆ, ಒಂದು ದಿನ ನ್ಯಾಯಾಲಯ ಕೈ ಹಿಡಿಯುತ್ತದೆ ಎಂಬ ನಂಬಿಕೆ. ಆ ಜಗತ್ತು 2006ರ ಎಪ್ರಿಲ್ 10ರಂದು ಮುಗಿದುಹೋಯಿತು.

ಉಮಾದೇವಿ ಪ್ರಕರಣವೂ ಕರ್ನಾಟಕದ್ದೇ. ವಾಣಿಜ್ಯ ತೆರಿಗೆ ಇಲಾಖೆಯಲ್ಲಿ ಹತ್ತು ವರ್ಷಕ್ಕೂ ಹೆಚ್ಚು ಕಾಲ ದಿನಗೂಲಿಯ ಮೇಲೆ ದುಡಿದವರು ಖಾಯಮಾತಿ ಕೇಳಿದ್ದರು. ಸುಪ್ರೀಮ್ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು ಜಾಹೀರಾತು, ಮೀಸಲಾತಿ, ಸ್ಪರ್ಧೆ ಇಲ್ಲದೆ ಒಳಬಂದವರಿಗೆ ಎಷ್ಟೇ ವರ್ಷ ದುಡಿದರೂ ಖಾಯಂ ಆಗುವ ಹಕ್ಕು ಹುಟ್ಟುವುದಿಲ್ಲ, ಹೈಕೋರ್ಟುಗಳು ಹಾಗೆ ಆದೇಶಿಸಕೂಡದು ಎಂದಿತು. ಒಂದು ಸಣ್ಣ ಕಿಂಡಿಯನ್ನು ಮಾತ್ರ ಬಿಟ್ಟಿತು. ಮಂಜೂರಾದ ಹುದ್ದೆಯಲ್ಲಿ, ಅರ್ಹತೆ ಇದ್ದು, ನ್ಯಾಯಾಲಯದ ತಡೆಯಾಜ್ಞೆಯ ರಕ್ಷಣೆ ಇಲ್ಲದೆ ಹತ್ತು ವರ್ಷ ದುಡಿದವರನ್ನು ಒಂದು ಬಾರಿಯ ಕ್ರಮವಾಗಿ ಸರಕಾರ ಪರಿಗಣಿಸಬಹುದು. ವಿಪರ್ಯಾಸ ಗಮನಿಸಿ. ಕೆಲಸ ಉಳಿಸಿಕೊಳ್ಳಲು ಕೋರ್ಟಿಗೆ ಹೋಗಿ ತಡೆಯಾಜ್ಞೆ ತಂದವರು ಈ ಕಿಂಡಿಯ ಹೊರಗುಳಿದರು, ಸುಮ್ಮನೆ ಕೂತವರು ಒಳಗಾದರು.

2010ರಲ್ಲಿ ಎಂ. ಎಲ್. ಕೇಸರಿ ಪ್ರಕರಣ ಬಂತು. ಅದು ನೆರೆಯ ಗದಗದ ಜಿಲ್ಲಾ ಪಂಚಾಯತ್ ನೌಕರರದ್ದು. ಇಲಾಖೆಗಳು ಆರು ತಿಂಗಳೊಳಗೆ ಈ ಕೆಲಸವನ್ನು ಮಾಡದೆ ಕೂತಿದ್ದರೆ ಅದರಿಂದ ನೌಕರರ ಹಕ್ಕು ಸಾಯುವುದಿಲ್ಲ ಎಂದು ನ್ಯಾಯಮೂರ್ತಿ ಆರ್. ವಿ. ರವೀಂದ್ರನ್ ಸ್ಪಷ್ಟಪಡಿಸಿದರು. ಒಳ್ಳೆಯ ಮಾತೇ. ಆದರೆ ಲೆಕ್ಕ ಹಾಕುವುದು 2006ರ ಎಪ್ರಿಲ್ 10ಕ್ಕೆ ಹತ್ತು ವರ್ಷ. ಅಂದರೆ 1996ಕ್ಕಿಂತ ಮುಂಚೆ ಸೇರಿದವರು. ಈ ಸಭಾಂಗಣದಲ್ಲಿ ಕೂತವರಲ್ಲಿ ಅನೇಕರು ಆಗ ಪ್ರಾಥಮಿಕ ಶಾಲೆಯಲ್ಲಿದ್ದಿರಿ. ಇದನ್ನು ನಾವು ನೇರವಾಗಿ ಹೇಳುವುದಕ್ಕೆ ಕಾರಣವಿದೆ. ಚುನಾವಣೆ ಹತ್ತಿರವಾದಾಗ ಬಂದು ಖಾಯಂ ಮಾಡಿಸಿಕೊಡುತ್ತೇವೆ ಎನ್ನುವವರೂ, ತಲೆಗಿಷ್ಟು ಎಂದು ಚಂದಾ ಎತ್ತಿ ಕೇಸು ಹಾಕಿಸುತ್ತೇವೆ ಎನ್ನುವವರೂ ಈ ದಿನಾಂಕವನ್ನು ನಿಮಗೆ ಹೇಳುವುದಿಲ್ಲ.

ಹಾಗಂತ ಉಮಾದೇವಿ ತೀರ್ಪನ್ನು ಬೈದು ಕೂರುವುದೂ ನ್ಯಾಯವಲ್ಲ. ಅದರ ಹಿಂದೆ ಒಂದು ನೈತಿಕ ಪ್ರಶ್ನೆಯಿದೆ. ನಮ್ಮ ಕೂಡ್ಲಿಗಿಯಲ್ಲೋ ಹಗರಿಬೊಮ್ಮನಹಳ್ಳಿಯಲ್ಲೋ ಎಂ.ಎ. ಮುಗಿಸಿ, ನೆಟ್ ಅಥವಾ ಕೆ-ಸೆಟ್ ಪಾಸು ಮಾಡಿ, ನೇಮಕಾತಿಯ ಅಧಿಸೂಚನೆಗಾಗಿ ಕಾದು ಕೂತ ಕೂಲಿಕಾರನ ಮಗಳಿದ್ದಾಳೆ. ಪ್ರಾಂಶುಪಾಲರ ಪರಿಚಯವಿಲ್ಲದ ಕಾರಣ ಆಕೆ ಅತಿಥಿಯೂ ಆಗಲಿಲ್ಲ. ಒಳಗಿರುವವರನ್ನು ಇದ್ದಂತೆಯೇ ಖಾಯಂ ಮಾಡಿದರೆ ಆಕೆಯ ಪಾಲಿನ ಹುದ್ದೆ ಹೋಯಿತು. ಮೀಸಲಾತಿಯ ರೋಸ್ಟರು ಪೂರ್ಣ ಬಲದಿಂದ ನಡೆಯುವುದು ಖಾಯಂ ನೇಮಕಾತಿಯಲ್ಲಿಯೇ. ದಲಿತರಿಗೆ, ಹಿಂದುಳಿದವರಿಗೆ, ಪ್ರವರ್ಗ 2ಬಿಯಲ್ಲಿರುವ ಮುಸ್ಲಿಮರಿಗೆ, 371ಜೆ ವಿಧಿಯಡಿ ಕಲ್ಯಾಣ ಕರ್ನಾಟಕದವರಿಗೆ ಸಿಗಬೇಕಾದ ಪಾಲು ಕಾಗದದಿಂದ ಹುದ್ದೆಗೆ ಇಳಿಯುವುದು ಆಗಲೇ. ಆದ್ದರಿಂದ ಖಾಯಂ ನೇಮಕಾತಿ ನಡೆಯದೇ ಇರುವುದು ಅತಿಥಿ ಉಪನ್ಯಾಸಕರ ಮೇಲಿನ ಅನ್ಯಾಯ ಮಾತ್ರವಲ್ಲ. ಸದ್ದಿಲ್ಲದೆ ಮೀಸಲಾತಿಯನ್ನು ಅಮಾನತಿನಲ್ಲಿಡುವ ಉಪಾಯವೂ ಹೌದು. ಹೊರಗೆ ಕಾದು ನಿಂತವರನ್ನು ನಿಮ್ಮ ಎದುರಾಳಿಗಳೆಂದು ತಿಳಿಯಬೇಡಿ. ನಿಮ್ಮಿಬ್ಬರನ್ನೂ ಒಂದೇ ಖಾಲಿ ಹುದ್ದೆ ಹೊರಗಿಟ್ಟಿದೆ.

ಈಗ ಉಮಾದೇವಿಯ ಬಗ್ಗೆ ಸರಕಾರಿ ವಕೀಲರು ಸಾಮಾನ್ಯವಾಗಿ ಹೇಳದ ಭಾಗಕ್ಕೆ ಬರೋಣ. ನಮ್ಮ ಇಂದಿನ ಮಾತಿನ ತಿರುಳು ಇದೇ.

ಅದೇ ತೀರ್ಪಿನಲ್ಲಿ, ಅದೇ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳಿಗೆ ಖಾಯಮಾತಿಯನ್ನು ನಿರಾಕರಿಸಿದ ಅದೇ ಪೀಠವು, ಅವರಿಗೆ ಆಯಾ ವೃಂದದ ಅತ್ಯಂತ ಕೆಳಗಿನ ಶ್ರೇಣಿಯ ಸರಕಾರಿ ನೌಕರರ ಸಂಬಳಕ್ಕೆ ಸಮನಾದ ವೇತನ ಕೊಡಬೇಕೆಂದು ಆದೇಶಿಸಿತು. ಅಷ್ಟೇ ಅಲ್ಲ, ಖಾಲಿ ಹುದ್ದೆಗಳಿಗೆ ನೇಮಕಾತಿ ನಡೆಸುವಾಗ ಇವರಿಗೆ ವಯೋಮಿತಿಯನ್ನು ಸಡಿಲಿಸಿ, ದುಡಿದ ವರ್ಷಗಳಿಗೆ ಒಂದಿಷ್ಟು ಕೃಪಾಂಕದಂತಹ ಮನ್ನಣೆ ಕೊಟ್ಟು ಸ್ಪರ್ಧಿಸಲು ಬಿಡಬೇಕು ಎಂದೂ ಹೇಳಿತು. ಅಂದರೆ ಖಾಯಮಾತಿಯ ಬಾಗಿಲನ್ನು ಮುಚ್ಚುವಾಗಲೇ ಆ ಪೀಠ ವೇತನದ ಬಾಗಿಲನ್ನು ತೆರೆದಿಟ್ಟಿತ್ತು. ಇಪ್ಪತ್ತು ವರ್ಷಗಳಿಂದ ಸರಕಾರಗಳು ಮುಚ್ಚಿದ ಬಾಗಿಲನ್ನು ಮಾತ್ರ ತೋರಿಸುತ್ತಾ ಬಂದಿವೆ. ನಾವೂ ಆ ಮುಚ್ಚಿದ ಬಾಗಿಲನ್ನೇ ಬಡಿಯುತ್ತಾ ಬಂದೆವು. ವೇತನ ಮತ್ತು ಖಾಯಮಾತಿ ಎರಡು ಬೇರೆ ಬೇರೆ ಹಕ್ಕುಗಳು. ಒಂದೇ ಅರ್ಜಿಯಲ್ಲಿ ಎರಡನ್ನೂ ಗಂಟು ಹಾಕಿದಾಗ ಮೊದಲನೆಯದು ಎರಡನೆಯದರ ಜೊತೆ ಮುಳುಗಿಹೋಗುವ ಅಪಾಯವಿದೆ.

2016ರ ಅಕ್ಟೋಬರಿನಲ್ಲಿ ಪಂಜಾಬಿನ ಜಗಜಿತ್ ಸಿಂಗ್ ಪ್ರಕರಣದಲ್ಲಿ ಸುಪ್ರೀಮ್ ಕೋರ್ಟು ಈ ಬಾಗಿಲನ್ನು ಇನ್ನಷ್ಟು ಅಗಲಗೊಳಿಸಿತು. ತಾತ್ಕಾಲಿಕ, ಗುತ್ತಿಗೆ, ದಿನಗೂಲಿ ಎಂಬ ಹೆಸರು ಏನೇ ಇರಲಿ, ಖಾಯಂ ನೌಕರನ ಕೆಲಸವನ್ನೇ ಮಾಡುತ್ತಿದ್ದರೆ ಆ ಹುದ್ದೆಯ ವೇತನಶ್ರೇಣಿಯ ಕನಿಷ್ಠ ಮೊತ್ತಕ್ಕೆ ಅವನು ಅರ್ಹ ಎಂದಿತು. ಕಡಿಮೆ ಸಂಬಳಕ್ಕೆ ಒಪ್ಪಿ ಸಹಿ ಹಾಕಿದ್ದೀಯಲ್ಲ ಎಂಬ ವಾದಕ್ಕೂ ಅಲ್ಲಿ ಉತ್ತರವಿದೆ. ಮನೆಯವರ ಹೊಟ್ಟೆ ತುಂಬಿಸಲು ಸ್ವಾಭಿಮಾನವನ್ನು ಒತ್ತೆಯಿಟ್ಟು ಒಪ್ಪಿದವನ ಒಪ್ಪಿಗೆ ಸ್ವಇಚ್ಛೆಯ ಒಪ್ಪಿಗೆಯಲ್ಲ ಎಂಬುದು ಅದರ ಸಾರಾಂಶ.

ನಿಮ್ಮ ಕೆಲಸ ಖಾಯಂ ಉಪನ್ಯಾಸಕರ ಕೆಲಸಕ್ಕೆ ಸಮಾನವಲ್ಲ ಎಂದು ಎದುರಿನವರು ವಾದಿಸಬಹುದು. ಹಾಗಾದರೆ ಲೆಕ್ಕ ನೋಡೋಣ. ಯುಜಿಸಿಯ 2018ರ ನಿಯಮಾವಳಿಯ ಪ್ರಕಾರ ಖಾಯಂ ಸಹಾಯಕ ಪ್ರಾಧ್ಯಾಪಕನ ನೇರ ಬೋಧನೆ ವಾರಕ್ಕೆ 16 ಗಂಟೆ. 2022ರ ಸರಕಾರಿ ಆದೇಶ ಅತಿಥಿಗೆ ನಿಗದಿಪಡಿಸಿದ್ದು 15 ಗಂಟೆ. ವ್ಯತ್ಯಾಸ ಒಂದು ಗಂಟೆ. ಖಾಯಂ ಸಹಾಯಕ ಪ್ರಾಧ್ಯಾಪಕನ ಆರಂಭದ ಮೂಲವೇತನ 57,700 ರೂಪಾಯಿ, ತುಟ್ಟಿಭತ್ಯೆ, ಮನೆ ಬಾಡಿಗೆ ಭತ್ಯೆ ಅದರ ಮೇಲೆ. ಹದಿನೈದು ವರ್ಷ ದಾಟಿದ, ಪೂರ್ಣ ಅರ್ಹತೆಯ ಅತಿಥಿಗೆ 2024ರ ಹೆಚ್ಚಳ ಸೇರಿದರೂ 40 ಸಾವಿರದ ಗಡಿ. ಕಾರ್ಯಭಾರವನ್ನು 15 ಗಂಟೆಗೆ ಏರಿಸಿದ ದಿನ ಸರಕಾರ ತನಗರಿವಿಲ್ಲದೆಯೇ ನಿಮ್ಮ ಪರವಾಗಿ ಒಂದು ಸಾಕ್ಷ್ಯವನ್ನು ಬರೆದುಕೊಟ್ಟಿದೆ. ಪರೀಕ್ಷಾ ಮೇಲ್ವಿಚಾರಣೆ, ಮೌಲ್ಯಮಾಪನ, ಆಂತರಿಕ ಅಂಕ, ನ್ಯಾಕ್ ಸಮಿತಿ ಬರುವಾಗ ರಾತ್ರಿಯವರೆಗೆ ಕಡತ ತುಂಬುವುದು, ಇವುಗಳ ಲೆಕ್ಕ ಬೇರೆಯೇ ಇದೆ.

ಅದೇ 2018ರ ನಿಯಮಾವಳಿಯಲ್ಲಿ ಇನ್ನೊಂದು ಮಾತಿದೆ. ಗುತ್ತಿಗೆ ಅಧ್ಯಾಪಕರನ್ನು ಅನಿವಾರ್ಯವಾದಾಗ ಮಾತ್ರ ನೇಮಿಸಬೇಕು, ಒಟ್ಟು ಬೋಧಕ ಹುದ್ದೆಗಳ ಶೇಕಡಾ 10ನ್ನು ಅದು ಮೀರಬಾರದು, ಅವರ ನಿಗದಿತ ಸಂಬಳ ಖಾಯಂ ಸಹಾಯಕ ಪ್ರಾಧ್ಯಾಪಕನ ತಿಂಗಳ ಒಟ್ಟು ಸಂಬಳಕ್ಕಿಂತ ಕಡಿಮೆಯಿರಬಾರದು. ಈ ಸಾಲುಗಳನ್ನು ಓದಿ ನೀವು ನಗುತ್ತೀರಿ ಎಂದು ನಮಗೆ ಗೊತ್ತು. ಅತಿಥಿ ಬೇರೆ, ಗುತ್ತಿಗೆ ಬೇರೆ ಎಂಬ ಪದಗಳ ಆಟ ಹುಟ್ಟಿಕೊಂಡಿರುವುದು ಈ ಸಾಲುಗಳಿಂದ ತಪ್ಪಿಸಿಕೊಳ್ಳಲಿಕ್ಕೇ. ಅತಿಥಿಗಳಿಗಾಗಿ ಯುಜಿಸಿ 2019ರಲ್ಲಿ ಬೇರೆ ಮಾರ್ಗಸೂಚಿ ಹೊರಡಿಸಿ ಒಂದು ಉಪನ್ಯಾಸಕ್ಕೆ 1,500 ರೂಪಾಯಿ, ತಿಂಗಳಿಗೆ ಗರಿಷ್ಠ 50 ಸಾವಿರ ಎಂದಿತು. 2025ರ ಜನವರಿಯಲ್ಲಿ ಅದು ಪ್ರಕಟಿಸಿದ ಕರಡು ನಿಯಮಾವಳಿಯಲ್ಲಂತೂ ಶೇಕಡಾ 10ರ ಮಿತಿಯೇ ಕಾಣೆಯಾಗಿತ್ತು. ಮಿತಿ ಹೋದರೆ ತಾತ್ಕಾಲಿಕವೇ ಸಾಮಾನ್ಯವಾಗುತ್ತದೆ. ಇದರ ಬಗ್ಗೆ ನಮ್ಮ ವಿಶ್ವವಿದ್ಯಾಲಯಗಳ ಖಾಯಂ ಪ್ರಾಧ್ಯಾಪಕರೂ ಗಟ್ಟಿಯಾಗಿ ಮಾತಾಡಬೇಕಿತ್ತು.

ತಾತ್ಕಾಲಿಕ ಎಂದರೇನೆಂದು ಈ ಊರಿನವರಿಗೆ ಬೇರೆಯವರು ಹೇಳಿಕೊಡಬೇಕಿಲ್ಲ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟಿನ 19ನೇ ಗೇಟಿನ ಸರಪಳಿ ತುಂಡಾಗಿ ಗೇಟು ಕೊಚ್ಚಿಹೋಯಿತು. ಒಂದು ವಾರದಲ್ಲಿ ಅಲ್ಲಿ ಸ್ಟಾಪ್‌ಲಾಗ್ ಇಳಿಸಿ ನೀರು ನಿಲ್ಲಿಸಲಾಯಿತು. ಕಂಪ್ಲಿಯ ಭತ್ತದ ಗದ್ದೆಗಳು ಉಳಿದವು, ಇಡೀ ನಾಡು ಆ ತಂತ್ರಜ್ಞರನ್ನು ಕೊಂಡಾಡಿತು. ಆದರೆ ಆ ಸ್ಟಾಪ್‌ಲಾಗನ್ನೇ ಇನ್ನು ಎಪ್ಪತ್ತು ವರ್ಷ ಇಡೋಣವೆಂದು ಯಾರೂ ಹೇಳಲಿಲ್ಲ. 33 ಗೇಟುಗಳನ್ನೂ ಹೊಸದಾಗಿ ಮಾಡಿಸಬೇಕೆಂಬ ತೀರ್ಮಾನವಾಯಿತು. ನೀರಿನ ವಿಷಯದಲ್ಲಿ ಇರುವ ಈ ವಿವೇಕ ಮಕ್ಕಳ ಪಾಠದ ವಿಷಯದಲ್ಲಿ ಯಾಕಿಲ್ಲ?

ದುಡ್ಡಿಲ್ಲ ಎಂಬ ಉತ್ತರ ಬರುತ್ತದೆ. ವಿಶ್ವವಿದ್ಯಾಲಯಗಳ ಮಟ್ಟಿಗೆ ಇದು ಪೂರ್ತಿ ಸುಳ್ಳೂ ಅಲ್ಲ. ಕನ್ನಡ ವಿಶ್ವವಿದ್ಯಾಲಯ 1991ರಲ್ಲಿ ಸ್ಥಾಪನೆಯಾದದ್ದೇ ಸಂಶೋಧನೆಗಾಗಿ. ಪರೀಕ್ಷಾ ಶುಲ್ಕವನ್ನು ತಂದುಕೊಡುವ ನೂರಾರು ಪದವಿ ಕಾಲೇಜುಗಳು ಅದರ ಅಡಿಯಲ್ಲಿಲ್ಲ. ಆಂತರಿಕ ಸಂಪನ್ಮೂಲದಿಂದ ನಡೆಸಿಕೊಳ್ಳಿ ಎಂದು ಅಂಥ ಸಂಸ್ಥೆಗೆ ಹೇಳುವುದು ಬರಡು ಎಮ್ಮೆಯ ಮುಂದೆ ಚೆಂಬು ಹಿಡಿದು ಕೂತಂತೆ. ಅದರ ವಿದ್ಯುತ್ ಬಿಲ್ಲಿನ ಬಾಕಿ, ಸಂಶೋಧಕರ ಫೆಲೋಶಿಪ್ಪಿನ ಬಾಕಿ ಪತ್ರಿಕೆಗಳಲ್ಲಿ ಸುದ್ದಿಯಾಗಿತ್ತು. ಹೀಗಿರುವಾಗ ಅಲ್ಲಿನ ತಾತ್ಕಾಲಿಕ ಸಿಬ್ಬಂದಿ ಕುಲಪತಿಗಳ ಕೊಠಡಿಯ ಮುಂದೆ ಧರಣಿ ಕೂತರೆ ಪ್ರಯೋಜನ ಅಲ್ಪ. ಹುದ್ದೆಗಳನ್ನು ಮಂಜೂರು ಮಾಡಿ, ತುಂಬಲು ಅನುಮತಿ ಕೊಡದೆ ತಡೆಹಿಡಿಯುವುದು ಬೆಂಗಳೂರಿನ ಆರ್ಥಿಕ ಇಲಾಖೆ. ಅರ್ಜಿ ಯಾರೇ ಹಾಕಲಿ, ರಾಜ್ಯ ಸರಕಾರವನ್ನು ಅದರಲ್ಲಿ ಪ್ರತಿವಾದಿಯಾಗಿ ಸೇರಿಸದಿದ್ದರೆ ಗೆದ್ದ ತೀರ್ಪೂ ಖಾಲಿ ಖಜಾನೆಯ ಮುಂದೆ ನಿಲ್ಲುತ್ತದೆ.

2025ರ ಆಗಸ್ಟ್ ತಿಂಗಳಿನಲ್ಲಿ ಸುಪ್ರೀಮ್ ಕೋರ್ಟಿನಿಂದ ಎರಡು ತೀರ್ಪುಗಳು ಬಂದವು. ಉತ್ತರ ಪ್ರದೇಶದ ಉನ್ನತ ಶಿಕ್ಷಣ ಸೇವಾ ಆಯೋಗದಲ್ಲಿ ದಶಕಗಳ ಕಾಲ ದಿನಗೂಲಿಯ ಮೇಲೆ ದುಡಿದವರ ಧರಮ್ ಸಿಂಗ್ ಪ್ರಕರಣದಲ್ಲಿ, ಹಣಕಾಸಿನ ಮುಗ್ಗಟ್ಟು ಎಂಬುದು ನ್ಯಾಯವನ್ನೇ ಬದಿಗೊತ್ತುವ ತಾಯಿತವಲ್ಲ ಎಂಬರ್ಥದ ಮಾತನ್ನು ಹೇಳಿ ಅವರ ಖಾಯಮಾತಿಗೆ ಆದೇಶಿಸಿತು. ಇನ್ನೊಂದು ನಿಮ್ಮದೇ ವೃತ್ತಿಯವರದ್ದು. ಗುಜರಾತಿನ ಸರಕಾರಿ ಎಂಜಿನಿಯರಿಂಗ್ ಕಾಲೇಜುಗಳಲ್ಲಿ ಗುತ್ತಿಗೆಯ ಮೇಲಿದ್ದ ಸಹಾಯಕ ಪ್ರಾಧ್ಯಾಪಕರಿಗೆ ತಿಂಗಳಿಗೆ 30 ಸಾವಿರ ರೂಪಾಯಿ ಕೊಡಲಾಗುತ್ತಿತ್ತು. ಅದೇ ಕಾಲೇಜಿನ ಹಂಗಾಮಿ ಪ್ರಾಧ್ಯಾಪಕರಿಗೆ ಸುಮಾರು 1 ಲಕ್ಷ 16 ಸಾವಿರ, ಖಾಯಂ ಪ್ರಾಧ್ಯಾಪಕರಿಗೆ ಸುಮಾರು 1 ಲಕ್ಷ 36 ಸಾವಿರ. ಶಾ ಸಮೀರ್ ಭರತ್‌ಭಾಯಿ ಎಂಬ ಹೆಸರಿನ ಈ ಪ್ರಕರಣದಲ್ಲಿ ನ್ಯಾಯಮೂರ್ತಿಗಳಾದ ಪಿ. ಎಸ್. ನರಸಿಂಹ ಮತ್ತು ಜೊಯ್‌ಮಾಲ್ಯ ಬಾಗ್ಚಿ ಅವರು ವೇತನಶ್ರೇಣಿಯ ಕನಿಷ್ಠ ಮೊತ್ತವನ್ನು ಕೊಡಲು ಆದೇಶಿಸಿದರು. ದಾವೆ ಹೂಡುವುದಕ್ಕಿಂತ ಹಿಂದಿನ ಮೂರು ವರ್ಷಗಳ ಬಾಕಿಯನ್ನು ಶೇಕಡಾ 8ರ ಬಡ್ಡಿಯೊಂದಿಗೆ ಕೊಡಬೇಕೆಂದರು. ಸಭೆ ಸಮಾರಂಭಗಳಲ್ಲಿ ಗುರುವನ್ನು ಶ್ಲೋಕಗಳಿಂದ ಹೊಗಳಿದರೆ ಸಾಲದು, ಆತನನ್ನು ನಡೆಸಿಕೊಳ್ಳುವ ರೀತಿಯಲ್ಲಿ ಅದು ಕಾಣಬೇಕೆಂಬ ಮಾತೂ ಅದರಲ್ಲಿದೆ. ಸೆಪ್ಟೆಂಬರ್ 5ರಂದು ಶಾಲು ಹೊದಿಸಿಕೊಂಡವರಿಗೆ ಈ ಮಾತಿನ ಅರ್ಥ ಬೇಗ ತಿಳಿಯುತ್ತದೆ.

ಗುಜರಾತಿನವರು ಆಯ್ಕೆ ಪ್ರಕ್ರಿಯೆಯ ಮೂಲಕ ಬಂದ, ಪೂರ್ಣಕಾಲ ದುಡಿದ ಗುತ್ತಿಗೆ ಪ್ರಾಧ್ಯಾಪಕರು. ಪ್ರತಿವರ್ಷ ಗಂಟೆಯ ಲೆಕ್ಕದಲ್ಲಿ ಬರುವ ಅತಿಥಿಗೆ ಅದು ಹಾಗೆಯೇ ಅನ್ವಯಿಸುತ್ತದೆ ಎಂದು ನಾವು ಭರವಸೆ ಕೊಡಲಾರೆವು. ಜಗ್ಗೊ ಪ್ರಕರಣದ ಬಗ್ಗೆಯೂ ಇದೇ ಎಚ್ಚರ ಬೇಕು. 2024ರ ಡಿಸೆಂಬರಿನಲ್ಲಿ ಕೇಂದ್ರ ಜಲ ಆಯೋಗದ ಕಸಗುಡಿಸುವವರ ಈ ಪ್ರಕರಣದಲ್ಲಿ, ಉಮಾದೇವಿ ತೀರ್ಪನ್ನು ದೀರ್ಘಕಾಲ ದುಡಿದವರ ವಿರುದ್ಧ ಆಯುಧವಾಗಿ ಬಳಸಲಾಗುತ್ತಿದೆ ಎಂದು ಸುಪ್ರೀಮ್ ಕೋರ್ಟು ಹೇಳಿತು. ಗಾಳಿ ತಿರುಗುತ್ತಿದೆ, ನಿಜ. ಆದರೆ ಐವರ ಪೀಠದ ತೀರ್ಪನ್ನು ಇಬ್ಬರ ಪೀಠ ಅಳಿಸಲಾರದು. ಬೋಧಕರ ನೇಮಕಾತಿಯಲ್ಲಿ ಅರ್ಹತೆಯ ಪ್ರಶ್ನೆ ಕಸಗುಡಿಸುವ ಕೆಲಸದಲ್ಲಿ ಇರುವಂಥದ್ದೂ ಅಲ್ಲ.

ಅರ್ಹತೆಯ ಪ್ರಶ್ನೆ ಬಂದಾಗ ಈ ಸಭಾಂಗಣದಲ್ಲೇ ಎರಡು ಗುಂಪುಗಳಾಗುತ್ತವೆ. ನೆಟ್, ಕೆ-ಸೆಟ್, ಪಿಎಚ್‌ಡಿ ಇದ್ದವರು, ಇಲ್ಲದವರು. ಈ ವಿವಾದ ಹೈಕೋರ್ಟಿನ ಮುಂದೂ ಹೋಯಿತು. ನಮ್ಮ ಅಭಿಪ್ರಾಯ ಸ್ಪಷ್ಟ. ಇಪ್ಪತ್ತು ವರ್ಷ ದುಡಿಸಿಕೊಂಡು ಇಂದು ಅರ್ಹತೆ ಇಲ್ಲವೆಂದು ಒಂದು ಸುತ್ತೋಲೆಯಿಂದ ಹೊರಗೆಸೆಯುವುದು ಅಮಾನವೀಯ, ಅವರಿಗೆ ಕಾಲಾವಕಾಶವೂ ಪರ್ಯಾಯವೂ ಬೇಕು. ಆದರೆ ಅರ್ಹತೆಯೇ ಬೇಡ ಎಂಬ ಬೇಡಿಕೆಯನ್ನು ಸಂಘಟನೆ ಎತ್ತಬಾರದು. ಅದನ್ನು ಎತ್ತಿದ ದಿನ ವಿದ್ಯಾರ್ಥಿಗಳೂ ಪೋಷಕರೂ ನಿಮ್ಮ ಜೊತೆಗಿರುವುದಿಲ್ಲ. ನಂದಿಹಳ್ಳಿಗೆ ಅದಿರು ಲಾರಿಗಳ ಕೆಂಧೂಳು ಕುಡಿಯುತ್ತಾ ಬಸ್ಸಿನಲ್ಲಿ ಬರುವ ವಿದ್ಯಾರ್ಥಿಗೆ ಒಳ್ಳೆಯ ಅಧ್ಯಾಪಕನನ್ನು ಪಡೆಯುವ ಹಕ್ಕಿದೆ.

ಹೆಣ್ಣುಮಕ್ಕಳ ಬಗ್ಗೆ ಒಂದು ಮಾತು. ಹೆರಿಗೆಯ ತಿಂಗಳು ಹತ್ತಿರವಾದಾಗ ನೀವಾಗಿಯೇ ಬಿಟ್ಟುಬಿಡಿ ಎಂಬ ಸಲಹೆ ಎಷ್ಟು ಮಂದಿಗೆ ಬಂದಿಲ್ಲ? ಗುತ್ತಿಗೆಯ ಮೇಲಿರುವವರಿಗೂ ಹೆರಿಗೆ ಸೌಲಭ್ಯವಿದೆ, ಗುತ್ತಿಗೆಯ ಅವಧಿ ಮುಗಿದರೂ ಅದು ಮುಂದುವರಿಯುತ್ತದೆ ಎಂದು 2023ರಲ್ಲಿ ಕವಿತಾ ಯಾದವ್ ಪ್ರಕರಣದಲ್ಲಿ ಸುಪ್ರೀಮ್ ಕೋರ್ಟು ಹೇಳಿದೆ. ಹೊಸಪೇಟೆ, ಕಂಪ್ಲಿಗಳ ಮುಸ್ಲಿಮ್ ಮನೆಗಳಿಂದ ಕಾಲೇಜು ಮೆಟ್ಟಿಲು ಹತ್ತಿದ ಮೊದಲ ತಲೆಮಾರಿನ ಹೆಣ್ಣುಮಕ್ಕಳಲ್ಲಿ ಕೆಲವರು ಇಂದು ನಿಮ್ಮ ಜೊತೆ ಅತಿಥಿ ಉಪನ್ಯಾಸಕಿಯರಾಗಿದ್ದಾರೆ. ಓದಿ ಏನು ಸಿಕ್ಕಿತು ಎಂಬ ಮನೆಯವರ ಪ್ರಶ್ನೆಗೆ ಅವರ ಸಂಬಳದ ಚೀಟಿಯೇ ಉತ್ತರ ಕೊಡಬೇಕು. ಆ ಚೀಟಿ ಆರು ತಿಂಗಳು ತಡವಾದರೆ ಅವರ ತಂಗಿಯ ಓದು ನಿಲ್ಲುತ್ತದೆ.

ಸರಕಾರವನ್ನು ಇಷ್ಟೆಲ್ಲ ಪ್ರಶ್ನಿಸುವ ನಾವು ನಮ್ಮ ಅಂಗಳವನ್ನೂ ನೋಡಬೇಕು. ಸಮುದಾಯದ ಹಿರಿಯರು ನಡೆಸುವ ಶಾಲಾ ಕಾಲೇಜುಗಳಲ್ಲಿ ಬೋಧಕರಿಗೆ ಕೊಡುವ ಸಂಬಳವೆಷ್ಟು? ಹತ್ತು ತಿಂಗಳ ಸಂಬಳ ಕೊಟ್ಟು ಎರಡು ತಿಂಗಳು ಮನೆಗೆ ಕಳುಹಿಸುವ ಸಂಸ್ಥೆಗಳು ನಮ್ಮಲ್ಲಿ ಇಲ್ಲವೇ? ಕೂಲಿಕಾರನ ಬೆವರು ಆರುವ ಮುನ್ನ ಕೂಲಿ ಕೊಡಬೇಕೆಂಬ ಪ್ರವಾದಿ ವಚನವನ್ನು ವಾರ್ಷಿಕೋತ್ಸವದ ವೇದಿಕೆಯಲ್ಲಿ ಉದ್ಧರಿಸಿ, ಬೇಸಿಗೆಯ ಸಂಬಳವನ್ನು ತಡೆಹಿಡಿಯುವ ಆಡಳಿತ ಮಂಡಳಿಗಳಿಗೆ ಸರಕಾರವನ್ನು ಪ್ರಶ್ನಿಸುವ ನೈತಿಕ ಬಲ ಎಲ್ಲಿಂದ ಬರಬೇಕು? ಜಾತಿ, ಧರ್ಮದ ಹೆಸರಿನಲ್ಲಿ ನಡೆಯುವ ಇತರ ಸಂಸ್ಥೆಗಳೂ ಇದರಿಂದ ಹೊರತಲ್ಲ. ಆದರೆ ನಮ್ಮ ಮಾತು ಮೊದಲು ನಮ್ಮವರಿಗೆ.

ಇನ್ನು ಮಾಡಬೇಕಾದ ಕೆಲಸ. ಕಾರ್ಮಿಕ ನ್ಯಾಯಾಲಯಕ್ಕೆ ಹೋಗೋಣ ಎಂಬ ಸಲಹೆಯನ್ನು ಕೆಲವರು ಕೊಡುತ್ತಾರೆ. ಶಿಕ್ಷಕರು ಕೈಗಾರಿಕಾ ವಿವಾದ ಕಾಯ್ದೆಯ ಅರ್ಥದಲ್ಲಿ ಕಾರ್ಮಿಕರಲ್ಲ ಎಂದು 1988ರಲ್ಲಿಯೇ ಸುಂದರಾಂಬಾಳ್ ಪ್ರಕರಣದಲ್ಲಿ ತೀರ್ಮಾನವಾಗಿತ್ತು. ನಿಮ್ಮ ದಾರಿ ಹೈಕೋರ್ಟಿನದು. ಹಿಂದೆ ಇದಕ್ಕಾಗಿ ಬೆಂಗಳೂರಿಗೆ ರಾತ್ರಿ ಪ್ರಯಾಣ ಮಾಡಬೇಕಿತ್ತು. 2008ರಲ್ಲಿ ಸಂಚಾರಿ ಪೀಠವಾಗಿ ಬಂದು 2013ರಲ್ಲಿ ಖಾಯಂ ಆದ ಧಾರವಾಡ ಪೀಠದ ವ್ಯಾಪ್ತಿಯಲ್ಲಿ ನಾವಿದ್ದೇವೆ. (ಪೀಠಕ್ಕೂ ಖಾಯಮಾತಿಗಾಗಿ ಐದು ವರ್ಷ ಕಾಯಬೇಕಾಯಿತು ಎಂಬುದು ನಿಮಗೆ ಸಮಾಧಾನ ತಂದೀತೇ ಗೊತ್ತಿಲ್ಲ.) ವೇತನದ ಬೇಡಿಕೆಯನ್ನು ಪ್ರತ್ಯೇಕ ಅರ್ಜಿಯಾಗಿ ಸಲ್ಲಿಸುವ ಬಗ್ಗೆ ವಕೀಲರೊಂದಿಗೆ ಮಾತಾಡಿ. ಖಾಯಮಾತಿಯ ಬದಲಿಗೆ, ಖಾಲಿ ಹುದ್ದೆಗಳಿಗೆ ನಿಗದಿತ ಕಾಲದಲ್ಲಿ ನೇಮಕಾತಿ, ಅದರಲ್ಲಿ ವಯೋಮಿತಿ ಸಡಿಲಿಕೆ ಮತ್ತು ಸೇವಾವಧಿಗೆ ಅಂಕ ಇವನ್ನು ಕೇಳಿ. ಇವು ಮೂರೂ ಉಮಾದೇವಿ ತೀರ್ಪಿನೊಳಗೇ ಇರುವ ಮಾತುಗಳು. ನಿಮ್ಮ ವಿರುದ್ಧ ಎತ್ತುವ ಪುಸ್ತಕದಿಂದಲೇ ನೀವು ಓದಿ ತೋರಿಸಬಹುದು. ಸರಕಾರಿ ಪ್ರಥಮ ದರ್ಜೆ ಕಾಲೇಜುಗಳ 1,242 ಸಹಾಯಕ ಪ್ರಾಧ್ಯಾಪಕ ಹುದ್ದೆಗಳಿಗೆ 2022ರಲ್ಲಿ ಪರೀಕ್ಷೆ ನಡೆದು, ನೇಮಕಾತಿ ಮುಗಿಯಲು ಮತ್ತೆಷ್ಟು ಕಾಲ ಹಿಡಿಯಿತೆಂಬುದು ನಿಮಗೆ ತಿಳಿದೇ ಇದೆ. ಸಾವಿರಾರು ಅತಿಥಿಗಳ ಬಲದಿಂದ ನಡೆಯುವ ವ್ಯವಸ್ಥೆಗೆ ಅದು ಏನೇನೂ ಸಾಲದು.

ತಡಮಾಡಬೇಡಿ. ವೇತನದ ಬಾಕಿಯನ್ನು ನ್ಯಾಯಾಲಯಗಳು ಸಾಮಾನ್ಯವಾಗಿ ಅರ್ಜಿಯ ಹಿಂದಿನ ಮೂರು ವರ್ಷಗಳಿಗೆ ಸೀಮಿತಗೊಳಿಸುತ್ತವೆ. 2008ರ ತರ್ಸೇಮ್ ಸಿಂಗ್ ತೀರ್ಪಿನಿಂದ ಗುಜರಾತಿನ ತೀರ್ಪಿನವರೆಗೆ ಇದೇ ಕ್ರಮ. ನೀವು ಯೋಚಿಸುತ್ತಾ ಕಳೆಯುವ ಪ್ರತಿ ವರ್ಷವೂ ಬಾಕಿಯಿಂದ ಒಂದು ವರ್ಷವನ್ನು ಕಡಿತಗೊಳಿಸುತ್ತದೆ. ನೇಮಕಾತಿ ಆದೇಶಗಳ ಪ್ರತಿ, ಪ್ರತಿವರ್ಷದ ವೇಳಾಪಟ್ಟಿ, ಹಾಜರಿ ಪುಸ್ತಕದ ಪುಟಗಳು, ಪರೀಕ್ಷಾ ಕರ್ತವ್ಯದ ಆದೇಶಗಳು, ಬ್ಯಾಂಕ್ ಪಾಸ್‌ಬುಕ್ಕು ಇವನ್ನು ಇಂದೇ ಒಂದು ಕಡತದಲ್ಲಿ ಸೇರಿಸಿಡಿ. ಬಾಯಿಮಾತಿನಿಂದ ಬೋಧಿಸಿದ ತರಗತಿಗಳಿಗೆ ನ್ಯಾಯಾಲಯದಲ್ಲಿ ಲೆಕ್ಕವಿಲ್ಲ.

ನಿಮ್ಮ ವಿಭಾಗದಲ್ಲಿ ಮಂಜೂರಾದ ಹುದ್ದೆಗಳೆಷ್ಟು, ಖಾಲಿ ಎಷ್ಟು, ಯಾವ ದಿನಾಂಕದಿಂದ ಖಾಲಿ, ತುಂಬಲು ಅನುಮತಿ ಕೇಳಿ ಬರೆದ ಪತ್ರಗಳಿಗೆ ಆರ್ಥಿಕ ಇಲಾಖೆ ಕೊಟ್ಟ ಉತ್ತರವೇನು, ಈ ನಾಲ್ಕು ಪ್ರಶ್ನೆಗಳ ಮಾಹಿತಿ ಹಕ್ಕಿನ ಅರ್ಜಿಯ ನಮೂನೆಯನ್ನು ಹೊರಗಿನ ಮೇಜಿನ ಮೇಲೆ ಇಟ್ಟಿದ್ದೇವೆ. ಶುಲ್ಕ ಹತ್ತು ರೂಪಾಯಿ, ಮೂವತ್ತು ದಿನಗಳಲ್ಲಿ ಉತ್ತರ ಬರಬೇಕು. ಹಂಪಿಯವರು, ನಂದಿಹಳ್ಳಿಯವರು, ಕಂಪ್ಲಿಯವರು, ಹೊಸಪೇಟೆಯವರು ಬೇರೆ ಬೇರೆಯಾಗಿಯೇ ಹಾಕಿರಿ, ಒಬ್ಬರ ಹೆಸರಿನಲ್ಲಿ ಎಲ್ಲರದನ್ನೂ ಹಾಕಬೇಡಿ. ಉತ್ತರ ಬಂದ ಮೇಲೆ ಆ ಕಾಗದಗಳನ್ನು ಹಿಡಿದುಕೊಂಡು ಇದೇ ಜಾಗದಲ್ಲಿ ಮತ್ತೆ ಕೂರೋಣ.